ಹದಿನೇಳು ಸಾಲಿನ ಒಂದು ದಿನ

ಮದುವೆಯಾಗಿ ಹತ್ತು ವರ್ಷ ತುಂಬಿದ ಸೆಪ್ಟೆಂಬರ್ ತಿಂಗಳಲ್ಲಿ ನಾನು ಎಕ್ಸೆಲ್‌ನಲ್ಲಿ ಒಂದು ಹಾಳೆ ತಯಾರಿಸಿದೆ. ಅದರಲ್ಲಿ ಹದಿನೇಳು ಸಾಲುಗಳಿದ್ದವು. ಮೊದಲನೆಯದರಲ್ಲಿ ನಾವಿರುವ ಬೆಲ್ಜಿಯಂನ ಲೂವೆನ್ ನಿಲ್ದಾಣದಿಂದ ಹೊರಡುವ ಬೆಳಗಿನ ರೈಲು, ಕೊನೆಯದರಲ್ಲಿ ‘ರಾತ್ರಿ ಒಂಬತ್ತೂವರೆಗೆ ಮನೆ’. ನಡುವಿನ ಹದಿನೈದರಲ್ಲಿ ಬ್ರೂಜ್ ನಗರದ ಕೊಳ, ಚರ್ಚು, ಚಿತ್ರಶಾಲೆ, ಗಂಟೆಗೋಪುರ, ದೋಣಿ, ಚಾಕೊಲೇಟ್ ಅಂಗಡಿ ಎಲ್ಲವೂ ಇದ್ದವು, ಒಂದೊಂದರ ಮುಂದೆಯೂ ನಿಮಿಷಗಳ ಲೆಕ್ಕವಿತ್ತು. ಕಚೇರಿಯಲ್ಲಿ ನಾನು ಮಾಡುವ ಕೆಲಸವೇ ಇದಾದ್ದರಿಂದ, ಯಾವುದು ತಡವಾದರೆ ಯಾವುದಕ್ಕೆ ಪೆಟ್ಟು ಬೀಳುತ್ತದೆ ಎಂದು ತೋರಿಸುವ ಬಣ್ಣಗಳನ್ನೂ ಹಾಕಿದ್ದೆ. ನಮ್ಮವರು ಅದನ್ನು ಮೇಲಿಂದ ಕೆಳಗೆ ಒಮ್ಮೆ ನೋಡಿ, “ಇದು ಆಡಿಟ್ ಆತು ನೋಡು, ಅಡ್ಡಾಡಲಿಕ್ಕೆ ಹೋಗೂದಲ್ಲ” ಎಂದರು.

ಅವರ ಮಾತಿನಲ್ಲಿ ಹುರುಳಿತ್ತು, ಆದರೆ ನನ್ನ ಕಷ್ಟವೂ ಸಣ್ಣದಾಗಿರಲಿಲ್ಲ. ಮಗಳಿಗೆ ನಾಲ್ಕು ವರ್ಷ. ಅವಳು ಹುಟ್ಟಿದ ಮೇಲೆ ನಾವಿಬ್ಬರೇ ಒಂದು ಇಡೀ ದಿನ ಮನೆಯಿಂದ ಹೊರಗಿದ್ದದ್ದೇ ಇಲ್ಲ. ಬೇಸಿಗೆಯಲ್ಲಿ ಅತ್ತೆಯವರು ಬೆಳಗಾವಿಯಿಂದ ಬಂದಿದ್ದರು. ಯುರೋಪಿನ ಷೆಂಗೆನ್ ವೀಸಾದಲ್ಲಿ ಬಂದವರು ಇಲ್ಲಿ ಇರಬಹುದಾದದ್ದು 90 ದಿನ, ಅದರಲ್ಲಿ ಎಪ್ಪತ್ತು ಆಗಲೇ ಕಳೆದುಹೋಗಿತ್ತು. ಒಂದು ರಾತ್ರಿ ರೊಟ್ಟಿ ಬಡಿಯುತ್ತಲೇ ಅವರು, “ಒಂದ್ ದಿನ ಎಲ್ಲೆರ ಹೋಗಿ ಬರ್ರಿ ಇಬ್ಬರೂ. ಕೂಸು ನನ್ನ ಕಡೆ ಇರತೈತಿ” ಎಂದರು. ಮಗಳು ನಮ್ಮಿಬ್ಬರಲ್ಲಿ ಒಬ್ಬರು ಪಕ್ಕದಲ್ಲಿಲ್ಲದೆ ಮಲಗುವುದಿಲ್ಲವಾದ್ದರಿಂದ ರಾತ್ರಿ ಉಳಿಯುವ ಮಾತಿರಲಿಲ್ಲ. ಹೀಗಾಗಿ ನಮ್ಮ ಯೋಜನೆ ಹೊರಡುವ ಹೊತ್ತಿನಿಂದ ಶುರುವಾಗದೆ ಮರಳುವ ಹೊತ್ತಿನಿಂದ ಹಿಂದಕ್ಕೆ ಬೆಳೆಯಿತು. ಮಕ್ಕಳಿರುವವರೆಲ್ಲ ಬಹುಶಃ ಹೀಗೆಯೇ ಲೆಕ್ಕ ಹಾಕುತ್ತಾರೆ.

ಎಲ್ಲಿಗೆ ಎನ್ನುವ ಪ್ರಶ್ನೆಗಿಂತ ಏನೆಂದು ಕರೆಯಬೇಕು ಎನ್ನುವುದೇ ನನಗೆ ಮುಜುಗರದ ವಿಷಯವಾಗಿತ್ತು. ಗೆಳತಿಯರು ‘ರೊಮ್ಯಾಂಟಿಕ್ ಟ್ರಿಪ್’ ಎಂದು ಸಲೀಸಾಗಿ ಹೇಳಿಬಿಡುತ್ತಾರೆ. ಕನ್ನಡದಲ್ಲಿ ಅದನ್ನು ಹೇಳಲು ಹೊರಟರೆ ಪ್ರಣಯ ಎಂಬುದು ರಂಗಭೂಮಿಯ ಪರದೆಯ ಹಿಂದೆ ನಿಂತಿರುತ್ತದೆ, ಶೃಂಗಾರ ಕಾವ್ಯಮೀಮಾಂಸೆಯ ಪಾಠಕ್ಕೆ ಹೋಗಿರುತ್ತದೆ, ಸರಸ ಎಂದರಂತೂ ಪಕ್ಕದಲ್ಲಿದ್ದವರು ಕೆಮ್ಮುತ್ತಾರೆ. ಹಾಸನದ ನಮ್ಮ ಮನೆಯಲ್ಲಿ ಅಪ್ಪ ಅಮ್ಮ ಇಬ್ಬರೇ ಹೊರಗೆ ಹೋಗುತ್ತಿದ್ದದ್ದು ಬ್ಯಾಂಕಿಗೆ ಮತ್ತು ಆಸ್ಪತ್ರೆಗೆ. ಬರುವಾಗ ಒಂದು ಕಾಫಿ ಕುಡಿದು ಬರುತ್ತಿದ್ದರು, ಅದಕ್ಕೆ ಹೆಸರಿರಲಿಲ್ಲ. ಹಾಗಾಗಿ ಹಾಳೆಯ ಶೀರ್ಷಿಕೆಯಲ್ಲಿ ಬರೀ ‘ಬ್ರೂಜ್, ಗುರುವಾರ’ ಎಂದು ಬರೆದೆ.

ಬ್ರೂಜ್ ಆರಿಸಿದ್ದಕ್ಕೆ ಮೊದಲ ಕಾರಣ ದೂರ. ಬ್ರಸೆಲ್ಸ್‌ನಿಂದ ಪ್ಯಾರಿಸ್‌ಗೆ ವೇಗದ ರೈಲಿನಲ್ಲಿ ಒಂದೂವರೆ ಗಂಟೆಯೂ ಬೇಡ, ಆದರೆ ಪ್ಯಾರಿಸ್‌ನಲ್ಲಿ ಇಳಿದ ಮೇಲೆ ಮತ್ತೆ ಮೆಟ್ರೊ, ಮತ್ತೆ ಸಾಲು, ಮತ್ತೆ ಮೆಟ್ರೊ; ಜೊತೆಗೆ ಆ ವೇಗದ ರೈಲಿನ ಟಿಕೆಟ್ಟು ಮುಂಚೆಯೇ ಕಾಯ್ದಿರಿಸದಿದ್ದರೆ ಕೈ ಸುಡುತ್ತದೆ. ಬೆಲ್ಜಿಯಂನ ಒಳಗಿನ ರೈಲುಗಳಲ್ಲಿ ಆಸನ ಕಾಯ್ದಿರಿಸುವ ಪದ್ಧತಿಯೇ ಇಲ್ಲ. ಒಂದು ಗಾಡಿ ತಪ್ಪಿದರೆ ಅದೇ ಟಿಕೆಟ್ಟಿನಲ್ಲಿ ಮುಂದಿನದಕ್ಕೆ ಹತ್ತಬಹುದು. ಮಗುವಿಗೆ ಜ್ವರ ಬಂದರೆ ಎಂಬ ಅಂಜಿಕೆಯಲ್ಲಿ ಬದುಕುವವರಿಗೆ ಈ ಸೌಕರ್ಯದ ಬೆಲೆ ಗೊತ್ತು. ಎರಡನೆಯ ಕಾರಣ, ಬ್ರೂಜ್‌ನ ಹಳೆಯ ಪಟ್ಟಣ ಸುತ್ತಲೂ ಕಾಲುವೆಯಿರುವ ಒಂದು ಮೊಟ್ಟೆಯ ಆಕಾರದ ಊರು. ನಿಲ್ದಾಣದಿಂದ ನಡುವಿನ ಮಾರುಕಟ್ಟೆ ಚೌಕಕ್ಕೆ ಇಪ್ಪತ್ತು ನಿಮಿಷದ ನಡಿಗೆ. ಬಸ್ಸು, ಟ್ರಾಮು, ನಕ್ಷೆಯ ಜಗಳ ಯಾವುದೂ ಬೇಕಿಲ್ಲ, ಮತ್ತು ಗಂಡ ಹೆಂಡಿರ ಪ್ರವಾಸದಲ್ಲಿ ನಕ್ಷೆಯ ಜಗಳವೊಂದು ತಪ್ಪಿದರೆ ಅರ್ಧ ಗೆದ್ದಂತೆಯೇ.

ಊರಿನ ಚರಿತ್ರೆಯನ್ನು ಓದಿಕೊಳ್ಳುತ್ತಾ ಹೋದ ಹಾಗೆ ನನ್ನ ಎಕ್ಸೆಲ್ ಹಾಳೆಯ ಬಗ್ಗೆ ಇದ್ದ ನಾಚಿಕೆಯೂ ಸ್ವಲ್ಪ ಕಡಿಮೆಯಾಯಿತು. 1134ರ ಒಂದು ಬಿರುಗಾಳಿ ಕರಾವಳಿಯನ್ನು ಸೀಳಿ ಜ್ವಿನ್ ಎಂಬ ಕಡಲತೋಳನ್ನು ತೆರೆಯಿತು, ಬ್ರೂಜ್‌ಗೆ ಸಮುದ್ರದ ದಾರಿ ಸಿಕ್ಕಿತು. ಮುಂದಿನ ಮುನ್ನೂರು ವರ್ಷ ಇಂಗ್ಲೆಂಡಿನ ಉಣ್ಣೆ, ಇಟಲಿಯ ಹಣ, ಉತ್ತರದ ಹಾನ್ಸಾ ಒಕ್ಕೂಟದ ವರ್ತಕರ ಸರಕು ಎಲ್ಲವೂ ಇಲ್ಲಿ ಕೈ ಬದಲಾಯಿಸಿದವು. ಆಮೇಲೆ ಅದೇ ಜ್ವಿನ್‌ನಲ್ಲಿ ಹೂಳು ತುಂಬಿತು. ಹಡಗುಗಳು ಆಂಟ್‌ವರ್ಪ್‌ನ ಕಡೆ ತಿರುಗಿದವು, ವರ್ತಕರು ಅವುಗಳ ಹಿಂದೆ ಹೋದರು, ಊರು ಬಡವಾಯಿತು. ಹಳೆಯದನ್ನು ಕೆಡವಿ ಹೊಸದನ್ನು ಕಟ್ಟಲು ದುಡ್ಡಿಲ್ಲದ ಊರು ಹಳೆಯದನ್ನೇ ತೇಪೆ ಹಾಕಿಕೊಂಡು ಉಳಿಯಿತು. ಹತ್ತೊಂಬತ್ತನೆಯ ಶತಮಾನದಲ್ಲಿ ಪ್ರವಾಸಿಗರು ಬರತೊಡಗಿದಾಗ ಊರಿನವರು ಆ ಹಳತನವನ್ನೇ ಒಪ್ಪ ಮಾಡಿ, ಇನ್ನಷ್ಟು ಹಳೆಯದಾಗಿ ಕಾಣುವಂತೆ ಗಾಥಿಕ್ ಶೈಲಿಯಲ್ಲಿ ಮುಖಗಳನ್ನು ತಿದ್ದಿದರು. ಜೋಡಿಗಳೆಲ್ಲ ನಿಂತು ಫೋಟೊ ತೆಗೆಸಿಕೊಳ್ಳುವ, ಪಾಚಿಗಟ್ಟಿದ ಬೋನಿಫೇಸಿಯಸ್ ಸೇತುವೆ ಮಧ್ಯಯುಗದ್ದೆಂದೇ ನಾನು ನಂಬಿದ್ದೆ. ಅದನ್ನು ಕಟ್ಟಿದ್ದು 1910ರ ಸುಮಾರಿಗೆ. ಇಡೀ ಊರೇ ಯೋಜನೆ ಹಾಕಿ ರೊಮ್ಯಾಂಟಿಕ್ ಆಗಿರುವಾಗ ನನ್ನ ಹದಿನೇಳು ಸಾಲು ಯಾವ ಲೆಕ್ಕ?

ಗುರುವಾರವನ್ನು ಆರಿಸಿದ್ದೂ ಲೆಕ್ಕ ಹಾಕಿಯೇ. ಶನಿವಾರ, ಭಾನುವಾರ ಬ್ರೂಜ್‌ನ ಬೀದಿಗಳಲ್ಲಿ ಕಾಲಿಡಲು ಜಾಗವಿರುವುದಿಲ್ಲ. ಚಿತ್ರಶಾಲೆಗಳಲ್ಲಿ ಒಂದೊಂದು ವಾರದ ಒಂದೊಂದು ದಿನ ಬಾಗಿಲು ಹಾಕುತ್ತದೆ. ದೊಡ್ಡ ಚರ್ಚಿಗೆ ಭಾನುವಾರ ಮಧ್ಯಾಹ್ನದವರೆಗೆ ಪ್ರವಾಸಿಗರಿಗೆ ಪ್ರವೇಶವಿಲ್ಲ. ನಿಜ ಹೇಳಬೇಕೆಂದರೆ ಆ ಊರಿಗೆ ನಮ್ಮಂಥವರು ಅಷ್ಟೇನೂ ಬೇಕಿಲ್ಲ. ಬೆಳಿಗ್ಗೆ ಬಂದು, ಬೀದಿ ತುಂಬಿಸಿ, ಸಂಜೆ ರೈಲು ಹತ್ತುವ ಪ್ರವಾಸಿಗರನ್ನು ಸೆಳೆಯುವ ಪ್ರಚಾರವನ್ನು ನಿಲ್ಲಿಸುವುದಾಗಿ ನಗರಾಡಳಿತ 2019ರಲ್ಲೇ ಹೇಳಿತ್ತು. ಕರೆಯದ ಮನೆಗೆ ಹೋಗುವವರು ಗದ್ದಲವಿಲ್ಲದ ದಿನ ಹೋಗುವುದು ಮರ್ಯಾದೆ ಎಂದುಕೊಂಡು ನಾವಿಬ್ಬರೂ ಒಂದು ದಿನ ರಜೆ ಹಾಕಿದೆವು.

ರೈಲು ಲೂವೆನ್‌ನಿಂದ ಬ್ರಸೆಲ್ಸ್, ಗೆಂಟ್ ದಾಟಿ ಬ್ರೂಜ್ ತಲುಪಲು ಒಂದೂವರೆ ಗಂಟೆ. ಬೆಲ್ಜಿಯಂನ ಡಚ್ ಮಾತಾಡುವ ಭಾಗವಾದ ಫ್ಲಾಂಡರ್ಸ್‌ನಲ್ಲಿ ಓಡುವಾಗ ಘೋಷಣೆ ಡಚ್ಚಿನಲ್ಲಿ ಮಾತ್ರ, ಬ್ರಸೆಲ್ಸ್‌ನೊಳಗೆ ಹೋದ ಕೂಡಲೇ ಫ್ರೆಂಚೂ ಡಚ್ಚೂ ಎರಡೂ, ಬ್ರಸೆಲ್ಸ್ ದಾಟಿದ ಮೇಲೆ ಫ್ರೆಂಚ್ ಮತ್ತೆ ಮಾಯ. ಬೋಗಿಯಲ್ಲಿರುವ ಜನ ಅವರೇ, ಗಾಡಿ ಅದೇ. ಗಡಿ ಮಾತ್ರ ಧ್ವನಿವರ್ಧಕದಲ್ಲಿ ಕೇಳಿಸುತ್ತದೆ. ಬೆಳಗಾವಿಯವರಿಗೆ ಇದನ್ನು ಯಾರೂ ಬಿಡಿಸಿ ಹೇಳಬೇಕಾಗಿಲ್ಲ. ನಮ್ಮವರು ಪ್ರತಿ ಸಲವೂ ಆ ಘೋಷಣೆ ಬದಲಾಗುವ ಗಳಿಗೆಗಾಗಿ ಕಾದು ಕುಳಿತು ನಗುತ್ತಾರೆ, ಅಂದೂ ನಕ್ಕರು.

ನಿಲ್ದಾಣದಿಂದ ಹತ್ತು ನಿಮಿಷ ನಡೆದರೆ ಮಿನ್ನೆವಾಟರ್. ಹಳೆಯ ಡಚ್ಚಿನಲ್ಲಿ ಮಿನ್ನೆ ಎಂದರೆ ಪ್ರೀತಿ, ಆದ್ದರಿಂದ ಕೈಪಿಡಿಗಳಲ್ಲೆಲ್ಲ ಇದು ಪ್ರೇಮಸರೋವರ. ಅದಕ್ಕೊಂದು ಕಥೆಯೂ ಇದೆ: ಮಿನ್ನಾ ಎಂಬ ಹುಡುಗಿ, ಸ್ಟ್ರೋಂಬರ್ಗ್ ಎಂಬ ಯೋಧ, ಬೇರೆ ಗಂಡು ಗೊತ್ತುಮಾಡಿದ ತಂದೆ, ಕಾಡಿಗೆ ಓಡಿದ ಮಗಳು, ಯುದ್ಧ ಮುಗಿಸಿ ಬಂದ ಪ್ರಿಯನ ತೋಳಿನಲ್ಲಿ ಅವಳ ಸಾವು. ನೀರು ಮಾತ್ರ ಹೆಚ್ಚು ವ್ಯವಹಾರಸ್ಥವಾದದ್ದು. ಗೆಂಟ್‌ಗೆ ಓಡಾಡುತ್ತಿದ್ದ ದೋಣಿಗಳು ಇಲ್ಲಿ ನಿಲ್ಲುತ್ತಿದ್ದವು. ಅಲ್ಲಿರುವ ಹಂಸಗಳದೂ ಪ್ರೇಮದ ಕಥೆಯಲ್ಲ. 1488ರಲ್ಲಿ ಊರಿನವರು ದಂಗೆಯೆದ್ದು ರಾಜ ಮ್ಯಾಕ್ಸಿಮಿಲಿಯನ್‌ನನ್ನು ಮಾರುಕಟ್ಟೆ ಚೌಕದ ಒಂದು ಮನೆಯಲ್ಲಿ ಸೆರೆಯಿಟ್ಟರು, ಅವನ ಅಧಿಕಾರಿ ಪೀಟರ್ ಲಾಂಖಾಲ್ಸ್‌ನ ತಲೆ ಕಡಿದರು. ಲಾಂಖಾಲ್ಸ್ ಎಂದರೆ ಉದ್ದ ಕತ್ತಿನವನು. ಅದಕ್ಕೆ ಶಿಕ್ಷೆಯಾಗಿ ಈ ಊರು ಎಂದೆಂದಿಗೂ ಉದ್ದ ಕತ್ತಿನ ಹಕ್ಕಿಗಳನ್ನು ಸಾಕಬೇಕೆಂದು ಮ್ಯಾಕ್ಸಿಮಿಲಿಯನ್ ಆಜ್ಞೆ ಮಾಡಿದನಂತೆ. ಇದನ್ನು ಹೇಳಿ ಮುಗಿಸುವಷ್ಟರಲ್ಲಿ ನಮ್ಮವರು, “ದಂಡ ಭಾಳ ಚಂದ ಅದ ಬಿಡು” ಎಂದು ಮೂರು ಹಂಸಗಳ ಫೋಟೊ ತೆಗೆದು ಮಗಳಿಗೆ ಕಳಿಸಿದರು.

ಕೊಳದ ಪಕ್ಕದಲ್ಲೇ ಬೆಗೈನ್‌ಹೋಫ್. ಹಾಳೆಯಲ್ಲಿ ಇದಕ್ಕೆ ನಾನು ಕೊಟ್ಟಿದ್ದು ಹತ್ತು ನಿಮಿಷ, ಕುಳಿತದ್ದು ನಲವತ್ತು. ಫ್ಲಾಂಡರ್ಸ್‌ನ ಒಡತಿ ಮಾರ್ಗರೆಟ್ 1245ರಲ್ಲಿ ನೆಲೆಗೊಳಿಸಿದ ಈ ಅಂಗಳದ ಸುತ್ತಲೂ ಸುಣ್ಣ ಬಳಿದ ಬಿಳಿ ಮನೆಗಳು, ನಡುವೆ ಹುಲ್ಲು ಮತ್ತು ಎತ್ತರದ ಮರಗಳು. ಇಲ್ಲಿದ್ದ ಹೆಂಗಸರು, ಬೆಗೈನ್‌ಗಳು, ಪ್ರಾರ್ಥನೆಯ ಬದುಕನ್ನು ಆರಿಸಿಕೊಂಡಿದ್ದರೂ ಸನ್ಯಾಸದ ಶಾಶ್ವತ ಪ್ರತಿಜ್ಞೆ ಮಾಡುತ್ತಿರಲಿಲ್ಲ. ದುಡಿದು ಉಣ್ಣುತ್ತಿದ್ದರು, ಆಸ್ತಿ ಇಟ್ಟುಕೊಳ್ಳಬಹುದಾಗಿತ್ತು, ಬೇಕೆನಿಸಿದರೆ ಹೊರಗೆ ಹೋಗಿ ಮದುವೆಯೂ ಆಗಬಹುದಾಗಿತ್ತು. 1927ರಿಂದ ಬೆನೆಡಿಕ್ಟೈನ್ ಸನ್ಯಾಸಿನಿಯರು ಇಲ್ಲಿದ್ದಾರೆ, ಮೌನವಾಗಿರಿ ಎಂಬ ಫಲಕವಿದೆ. ಮದುವೆಯ ಹತ್ತನೆಯ ವರ್ಷವನ್ನು ಆಚರಿಸಲು ಬಂದವಳು ಗಂಡಸರಿಲ್ಲದೆ ಬದುಕಲು ಹೆಂಗಸರು ಕಟ್ಟಿಕೊಂಡ ಅಂಗಳದಲ್ಲಿ ಇಷ್ಟು ಹಾಯಾಗಿ ಕುಳಿತದ್ದರ ಅರ್ಥವೇನು ಎಂದು ನಾನು ಯೋಚಿಸುತ್ತಿದ್ದೆ. ಪಕ್ಕದಲ್ಲಿದ್ದವರು ಮಾತನಾಡಲಿಲ್ಲ. ಮನೆಯಲ್ಲಿ ನಮ್ಮಿಬ್ಬರ ನಡುವಿನ ಮೌನಕ್ಕೆ ಯಾವಾಗಲೂ ಏನೋ ಒಂದು ಕಾರಣವಿರುತ್ತದೆ. ಇಲ್ಲಿ ಫಲಕವೇ ಹೇಳಿದ್ದರಿಂದ ಯಾರ ಮೇಲೂ ಅದರ ಹೊರೆ ಬೀಳಲಿಲ್ಲ.

ಅಲ್ಲಿಂದ ಮುಂದೆ ಊರಿನ ದೊಡ್ಡ ಚರ್ಚು, ಮಾತೆ ಮೇರಿಯದು. ಅದರ ಇಟ್ಟಿಗೆಯ ಗೋಪುರ ನೂರಹದಿನೈದು ಮೀಟರಿಗೂ ಎತ್ತರ. ಒಳಗೆ ಟಿಕೆಟ್ಟು ಕೊಂಡು ನೋಡಬೇಕಾದ ಭಾಗದಲ್ಲಿ ಮೈಕೆಲೆಂಜೆಲೊ ಕೆತ್ತಿದ ತಾಯಿ ಮಗುವಿನ ಅಮೃತಶಿಲೆಯ ಮೂರ್ತಿಯಿದೆ. ಬ್ರೂಜ್‌ನ ವರ್ತಕ ಮನೆತನವೊಂದು ಕೊಂಡು ತಂದದ್ದು. ಅವನು ಬದುಕಿದ್ದಾಗಲೇ ಇಟಲಿಯಿಂದ ಹೊರಗೆ ಬಂದ ಅವನ ಶಿಲ್ಪ ಇದೊಂದೇ ಎನ್ನುತ್ತಾರೆ. 1794ರಲ್ಲಿ ಫ್ರೆಂಚರು ಹೊತ್ತೊಯ್ದರು, ನೆಪೋಲಿಯನ್ ಸೋತ ಮೇಲೆ ಮರಳಿ ಬಂತು. 1944ರಲ್ಲಿ ಜರ್ಮನರು ಹೊತ್ತೊಯ್ದರು, ಮರುವರ್ಷ ಆಸ್ಟ್ರಿಯಾದ ಆಲ್ಟೌಸೆಯ ಉಪ್ಪಿನ ಗಣಿಯಲ್ಲಿ ಸಿಕ್ಕಿತು. ಇಷ್ಟನ್ನೂ ಓದಿಕೊಂಡು ಹೋಗಿದ್ದ ನನಗೆ ಎದುರಿಗೆ ನಿಂತಾಗ ಕಂಡದ್ದು ಬೇರೆ. ಮಗು ತಾಯಿಯ ತೊಡೆಯ ಮೇಲಿಲ್ಲ. ಅವಳ ಮೊಣಕಾಲುಗಳ ನಡುವೆ ನಿಂತು, ಒಂದು ಕಾಲನ್ನು ಕೆಳಗಿಡಲು ಹೊರಟಿದೆ. ಅವಳ ಬೆರಳುಗಳನ್ನು ಇನ್ನೂ ಬಿಟ್ಟಿಲ್ಲ, ಆದರೆ ಬಿಡುವುದರಲ್ಲಿದೆ. ಅವಳು ತಡೆಯುತ್ತಲೂ ಇಲ್ಲ, ಮುಂದಕ್ಕೆ ನೂಕುತ್ತಲೂ ಇಲ್ಲ. ನಾನು ಹೊರಗೆ ಬಂದು ಮನೆಗೆ ಫೋನ್ ಮಾಡಿದೆ. ಮಗಳು ಅಜ್ಜಿಯ ಜೊತೆ ಹಿಟ್ಟು ಕಲಸುತ್ತಿದ್ದಳು, ಮಾತನಾಡಲು ಅವಳಿಗೆ ಪುರಸೊತ್ತಿರಲಿಲ್ಲ.

ಅದೇ ಚರ್ಚಿನಲ್ಲಿ ಈ ಸೀಮೆಯ ಒಡತಿಯಾಗಿದ್ದ ಮಾರಿ ಆಫ್ ಬರ್ಗಂಡಿ ಮಲಗಿದ್ದಾಳೆ, ಚಿನ್ನದ ಲೇಪದ ಕಂಚಿನಲ್ಲಿ. ಇಪ್ಪತ್ತರ ಹರೆಯದಲ್ಲಿ, 1477ರಲ್ಲಿ, ಹಂಸಗಳ ಕಥೆಯ ಅದೇ ಮ್ಯಾಕ್ಸಿಮಿಲಿಯನ್‌ನನ್ನು ಮದುವೆಯಾದವಳು. ಐದು ವರ್ಷದ ಮೇಲೆ ಬೇಟೆಗೆ ಹೋದಾಗ ಕುದುರೆಯಿಂದ ಬಿದ್ದು ಸತ್ತಳು. ರಾಜ್ಯಕ್ಕಾಗಿ ಕೂಡಿಸಿದ ಸಂಬಂಧ. ನಮ್ಮ ಜಾತಕ ಕೂಡಿಸಿದವರಿಗೆ ರಾಜ್ಯವಿರಲಿಲ್ಲ, ಅಷ್ಟೇ.

ಇನ್ನು ಚಿತ್ರಶಾಲೆಯ ವಿಷಯಕ್ಕೆ ಬರುತ್ತೇನೆ, ಏಕೆಂದರೆ ನನ್ನ ಹಾಳೆ ಹಾಳಾದದ್ದು ಅಲ್ಲಿ. ಗ್ರೂನಿಂಗೆ ಚಿತ್ರಶಾಲೆಗೆ ನಾನು ಕೊಟ್ಟದ್ದು ಐವತ್ತು ನಿಮಿಷ. ಒಂದು ಗಂಟೆಗೆ ಗಂಟೆಗೋಪುರ ಹತ್ತಲು ಸಮಯ ಕಾಯ್ದಿರಿಸಿದ್ದೆ. ನಮ್ಮವರು ಯಾನ್ ವಾನ್ ಐಕ್ 1436ರಲ್ಲಿ ಮುಗಿಸಿದ ದೊಡ್ಡ ಚಿತ್ರದ ಮುಂದೆ ನಿಂತುಬಿಟ್ಟರು. ಮಾತೆ ಮೇರಿಯ ಮುಂದೆ ಮಂಡಿಯೂರಿದ ಮುದಿ ಪಾದ್ರಿಯ ಕೈಯಲ್ಲೊಂದು ಕನ್ನಡಕ, ಹಣೆಯ ಪಕ್ಕದಲ್ಲಿ ಉಬ್ಬಿದ ನರಗಳು, ಕೆಳಗೆ ರತ್ನಗಂಬಳಿಯ ಒಂದೊಂದು ಎಳೆ. ಸಂತ ಜಾರ್ಜನ ಗುರಾಣಿಯ ಹೊಳಪಿನಲ್ಲಿ ಕಡಲೆಯಷ್ಟು ದೊಡ್ಡ ಒಂದು ಪ್ರತಿಬಿಂಬವಿದೆ, ಅದು ಚಿತ್ರಕಾರನದೇ ಎನ್ನುತ್ತಾರೆ. ಅದನ್ನು ಹುಡುಕುವುದರಲ್ಲೇ ಅವರಿಗೆ ಕಾಲು ಗಂಟೆ ಹೋಯಿತು. ನಾನು ಗಡಿಯಾರ ನೋಡಿಕೊಂಡು, “ರೀ, ಹೊರಡೋಣ” ಎಂದು ಎರಡು ಸಲ ಹೇಳಿ, ಮೂರನೆಯ ಸಲ ಹೇಳಲು ಬಾಯಿ ತೆರೆಯುವ ಮುಂಚೆ ಅದೇ ಚಿತ್ರಕಾರನ ಇನ್ನೊಂದು ಪುಟ್ಟ ಚಿತ್ರವನ್ನು ನೋಡಿದೆ.

ಹಳೆಯ ಕಾಲದ ಶಾಲೆಯ ಸ್ಲೇಟಿಗಿಂತ ಸ್ವಲ್ಪವೇ ದೊಡ್ಡದು. ಕೆಂಪು ಉಣ್ಣೆಯ ಉಡುಪಿಗೆ ಬೂದು ತುಪ್ಪುಳದ ಅಂಚು, ಕೊಂಬಿನಂತೆ ಎರಡು ಕಡೆ ಎತ್ತಿ ಕಟ್ಟಿದ ಕೂದಲ ಮೇಲೆ ನೆರಿಗೆಯ ಬಿಳಿ ವಸ್ತ್ರ, ತೆಳುವಾದ ತುಟಿ, ನೇರವಾದ ನೋಟ. ಚೆಲುವೆಯೆಂದು ಯಾರೂ ಹೇಳಲಾರರು, ಚೆಲುವೆಯಾಗಿ ತೋರಿಸಲು ಬರೆದವನು ಪ್ರಯತ್ನಿಸಿಯೂ ಇಲ್ಲ. ಅಡುಗೆಮನೆಯಿಂದ ಕರೆದು ಕೂರಿಸಿದಂತಿದ್ದಾಳೆ. ಬೇಗ ಮುಗಿಸಿ, ಒಲೆಯ ಮೇಲೆ ಏನೋ ಇದೆ ಎನ್ನುವಂತೆ ನೋಡುತ್ತಾಳೆ. ಚೌಕಟ್ಟಿನ ಮೇಲೆ ಲ್ಯಾಟಿನ್‌ನಲ್ಲಿ ಅವಳೇ ಮಾತನಾಡುವಂತೆ ಬರೆದಿದೆ: ನನ್ನ ಗಂಡ ಯೊಹಾನೆಸ್ 1439ರ ಜೂನ್ 17ರಂದು ನನ್ನನ್ನು ಪೂರ್ತಿ ಮಾಡಿದ, ನನ್ನ ವಯಸ್ಸು ಮೂವತ್ತಮೂರು. ಅದರ ಜೊತೆಗೆ ವಾನ್ ಐಕ್ ಬಳಸುತ್ತಿದ್ದ ಬಿರುದಿನಂಥ ಮಾತು, ಅಲ್ಸ್ ಇಖ್ ಕಾನ್. ತನ್ನ ಹೆಸರಿನ ಮೇಲೆ ಶ್ಲೇಷೆ ಮಾಡಿ ಅವನು ಹೇಳಿಕೊಳ್ಳುತ್ತಿದ್ದ ಆ ಮಾತಿಗೆ ಕನ್ನಡದಲ್ಲಿ ಹುಡುಕಾಡಬೇಕಾಗಿಯೇ ಇಲ್ಲ: ಕೈಲಾದಷ್ಟು.

ಇವಳು ಮಾರ್ಗರೆಟ್, ಅವನ ಹೆಂಡತಿ. ಚಿತ್ರಕಾರನೊಬ್ಬ ತನ್ನ ಹೆಂಡತಿಯನ್ನು ಬರೆದು, ಅದು ಇಂದಿಗೂ ಉಳಿದಿರುವ ಯುರೋಪಿನ ಅತಿ ಹಳೆಯ ಭಾವಚಿತ್ರಗಳಲ್ಲಿ ಇದೊಂದು. ಡ್ಯೂಕನ ಆಸ್ಥಾನದಲ್ಲಿದ್ದು ದೊಡ್ಡವರ ಮುಖಗಳನ್ನು ಬರೆಯುತ್ತಿದ್ದವನು ಒಂದು ಹಲಗೆಯನ್ನು ಮನೆಗಾಗಿ ಎತ್ತಿಟ್ಟಿದ್ದ. ಎರಡು ವರ್ಷದ ಮೇಲೆ, 1441ರಲ್ಲಿ, ಅವನು ತೀರಿಕೊಂಡ; ಅವಳು ಉಳಿದಳು. ನಾನು ಅವಳ ಕೆನ್ನೆ, ಹಣೆ, ತುಟಿಯ ಕೊನೆಯ ಬಿಗಿಯನ್ನು ನೋಡುತ್ತಾ ನಿಂತೆ. ಒಂದು ಮುಖವನ್ನು ಇಷ್ಟು ಹೊತ್ತು ನೋಡಲು ಎಷ್ಟು ದಿನ ಬೇಕಾಗಿರಬಹುದು, ಆ ದಿನಗಳಲ್ಲಿ ಅವರು ಏನು ಮಾತನಾಡಿಕೊಂಡಿರಬಹುದು ಎಂದು ಯೋಚಿಸುವಷ್ಟರಲ್ಲಿ ನಮ್ಮವರು ಹಿಂದೆ ಬಂದು ನಿಂತಿದ್ದರು. “ಹೊತ್ತಾತು ಅಂತಿದ್ದಿ?” ಎಂದರು. ಆಗ ಒಂದು ಗಂಟೆ ಹತ್ತು ನಿಮಿಷ.

ಗಂಟೆಗೋಪುರದ ಬಾಗಿಲಲ್ಲಿ ನಮ್ಮ ಸಮಯ ಮೀರಿಹೋಗಿತ್ತು, ಮುಂದಿನ ಸರದಿಗಳೂ ಭರ್ತಿಯಾಗಿದ್ದವು. 83 ಮೀಟರ್ ಎತ್ತರ, 366 ಮೆಟ್ಟಿಲು, 47 ಗಂಟೆಗಳು. ಒಳಗೆ ಒಮ್ಮೆಗೆ ಇಷ್ಟೇ ಜನ ಎಂಬ ಮಿತಿಯಿರುವುದರಿಂದ ಮುಂಚೆಯೇ ಸಮಯ ಗೊತ್ತುಮಾಡಿಕೊಳ್ಳಬೇಕು, ಗೊತ್ತುಮಾಡಿಕೊಂಡವರು ಹೊತ್ತಿಗೆ ಸರಿಯಾಗಿ ಹೋಗಬೇಕು. ತಪ್ಪು ಪೂರ್ತಿ ನಮ್ಮದು. ಶ್ರವಣಬೆಳಗೊಳದ ಬೆಟ್ಟ ಹತ್ತಿ ಬೆಳೆದವಳಿಗೆ ಆ ಮೆಟ್ಟಿಲುಗಳನ್ನು ಕಳೆದುಕೊಂಡ ದುಃಖ ದೊಡ್ಡದೇನೂ ಆಗಲಿಲ್ಲ. ಕಾಲು ಗಂಟೆಗೊಮ್ಮೆ ತಾನಾಗಿ ನುಡಿಯುವ ಗಂಟೆಗಳು ಕೆಳಗೂ ಅಷ್ಟೇ ಚೆನ್ನಾಗಿ ಕೇಳಿಸುತ್ತವೆ. ಆದರೆ ಹಾಳೆಯಲ್ಲಿ ಒಂದು ಸಾಲು ಕೆಂಪಾದರೆ ಅದರ ಕೆಳಗಿನದೂ ಕೆಂಪಾಗುತ್ತದೆ. ಕಾಲುವೆಯ ಪಕ್ಕದಲ್ಲಿ ನಾನು ಗುರುತಿಟ್ಟಿದ್ದ ಹೋಟೆಲಿಗೆ ಹೋಗುವಷ್ಟರಲ್ಲಿ ಎರಡೂವರೆ. ಇಲ್ಲಿ ಮಧ್ಯಾಹ್ನದ ಅಡುಗೆಮನೆ ಆ ಹೊತ್ತಿಗೆ ಮುಚ್ಚಿದರೆ ಸಂಜೆ ಆರರವರೆಗೆ ಒಲೆ ಹಚ್ಚುವುದಿಲ್ಲ. ಗೋಪುರದ ಕೆಳಗೆ ಆಲೂಗಡ್ಡೆ ಫ್ರೈಸ್ ಮಾರುವ ಹಸಿರು ಗಾಡಿಗಳಿವೆ, ಪರಿಮಳ ಚೌಕದ ತುಂಬಾ ಇರುತ್ತದೆ. ಬೆಲ್ಜಿಯಂಗೆ ಬಂದ ಸಸ್ಯಾಹಾರಿಗಳೆಲ್ಲ ಒಂದಲ್ಲ ಒಂದು ದಿನ ತಿಳಿದುಕೊಳ್ಳುವ ಸತ್ಯವೆಂದರೆ ಫ್ರೈಸನ್ನು ಇಲ್ಲಿ ಸಾಂಪ್ರದಾಯಿಕವಾಗಿ ಕರಿಯುವುದು ದನದ ಕೊಬ್ಬಿನಲ್ಲಿ. ಗಿಡದ ಎಣ್ಣೆ ಬಳಸುವ ಅಂಗಡಿಗಳೂ ಇವೆ, ಕೇಳಿ ಕೊಳ್ಳಬೇಕು. ನನಗೆ ಕೇಳುವ ತ್ರಾಣವೂ ಇರಲಿಲ್ಲ.

ಆಗ ನಮ್ಮವರು ತಮ್ಮ ಚೀಲದ ತಳದಿಂದ ಒಂದು ಬಟ್ಟೆಯ ಗಂಟು ತೋರಿಸಿದರು. ಅತ್ತೆಯವರು ಬೆಳಿಗ್ಗೆ ನನಗೆ ಹೇಳದೆ ಮಗನ ಕೈಗೆ ಬುತ್ತಿ ಕಟ್ಟಿಕೊಟ್ಟಿದ್ದರು. ರೊಮ್ಯಾಂಟಿಕ್ ಪ್ರವಾಸಕ್ಕೆ ಬುತ್ತಿ ಒಯ್ಯುವುದನ್ನು ನಾನು ಒಪ್ಪುವುದಿಲ್ಲವೆಂದು ತಾಯಿ ಮಗ ಇಬ್ಬರೂ ಊಹಿಸಿದ್ದರು, ಸರಿಯಾಗಿಯೇ ಊಹಿಸಿದ್ದರು.

ಚೌಕದಲ್ಲಿ ಕುಳಿತು ತಿನ್ನಲು ಸಂಕೋಚವಾಗಿ ಪೂರ್ವದ ಕಡೆಗೆ ನಡೆದೆವು. ಸಂತ ಆನಾ ಓಣಿಗಳಿಗೆ ಬರುತ್ತಿದ್ದಂತೆ ಪ್ರವಾಸಿಗರು ಕರಗುತ್ತಾರೆ. ಗಿಡ್ಡ ಮನೆಗಳು, ಕಿಟಕಿಯಲ್ಲಿ ಕಸೂತಿಯ ಪರದೆ, ಸೈಕಲ್ಲು. ಅಲ್ಲಿ ಅಡೋರ್ನೆಸ್ ಮನೆತನದವರು ಜೆರುಸಲೇಮಿನ ಪವಿತ್ರ ಸಮಾಧಿಯ ಚರ್ಚನ್ನು ಮಾದರಿಯಾಗಿಟ್ಟುಕೊಂಡು ಕಟ್ಟಿಸಿದ ಚಾಪೆಲ್ ಇದೆ, 1429ರಲ್ಲಿ ಪ್ರತಿಷ್ಠೆಯಾದದ್ದು. ಹಾಳೆಯಲ್ಲಿ ಇದು ‘ಸಮಯವಿದ್ದರೆ’ ಎಂಬ ಸಾಲು. ಒಳಗೆ ಕಪ್ಪು ಕಲ್ಲಿನ ಸಮಾಧಿಯ ಮೇಲೆ ಆನ್ಸೆಲ್ಮ್ ಅಡೋರ್ನೆಸ್ ಮತ್ತು ಅವನ ಹೆಂಡತಿ ಮಾರ್ಗರೆಟಾ ಪಕ್ಕಪಕ್ಕದಲ್ಲಿ ಮಲಗಿದ್ದಾರೆ, ಅವನ ಕಾಲ ಬಳಿ ಸಿಂಹ, ಅವಳ ಕಾಲ ಬಳಿ ನಾಯಿ. ಹದಿನಾರು ಮಕ್ಕಳ ತಂದೆತಾಯಿ. ಅವನು ರಾಜತಂತ್ರದ ಕೆಲಸಕ್ಕೆಂದು ಸ್ಕಾಟ್ಲೆಂಡಿಗೆ ಹೋಗಿ ಬರುತ್ತಿದ್ದವನು. 1483ರಲ್ಲಿ ಅಲ್ಲಿಯೇ ಕೊಲೆಯಾದ. ದೇಹವನ್ನು ಅಲ್ಲಿ ಮಣ್ಣು ಮಾಡಿದರು, ಹೃದಯವನ್ನು ಮಾತ್ರ ಬ್ರೂಜ್‌ಗೆ ತಂದು ಹೆಂಡತಿಯ ಸಮಾಧಿಯಲ್ಲಿಟ್ಟರು. ಪ್ರೇಮಸರೋವರದ ಮಿನ್ನಾ ಮತ್ತು ಸ್ಟ್ರೋಂಬರ್ಗ್‌ರಿಗೆ ಫಲಕ, ಪೋಸ್ಟ್‌ಕಾರ್ಡ್, ಚಾಕೊಲೇಟ್ ಡಬ್ಬಿ ಎಲ್ಲವೂ ಇವೆ. ನಿಜವಾಗಿ ಇದ್ದ ಈ ಇಬ್ಬರ ಮುಂದೆ ಆ ಮಧ್ಯಾಹ್ನ ನಾವಿಬ್ಬರೇ ಇದ್ದೆವು. ನಮ್ಮವರು ಬಹಳ ಹೊತ್ತು ಸುಮ್ಮನಿದ್ದು, “ಹದಿನಾರು ಮಕ್ಕಳ ಮ್ಯಾಲೂ ಹೃದಯ ಉಳದಿತ್ತಲ್ಲ” ಎಂದರು. ಚಾಪೆಲ್ಲಿನಲ್ಲಿ ನಗಬಾರದೆಂದು ನಾನು ಹೊರಗೆ ಓಡಿಬಂದೆ.

ಅಲ್ಲಿಂದ ಸ್ವಲ್ಪ ದೂರದಲ್ಲಿ ಊರಿನ ಹಳೆಯ ಕೋಟೆಯ ದಿಬ್ಬ, ಅದರ ಮೇಲೆ ಸಾಲಾಗಿ ಗಾಳಿಗಿರಣಿಗಳು. ಸಂತ ಜಾನ್ ಮನೆಯ ಗಿರಣಿ 1770ರದ್ದು, ಇಂದಿಗೂ ಕಾಳು ಬೀಸಬಲ್ಲದು. ಅದರ ಕೆಳಗೆ ಹುಲ್ಲಿನ ಮೇಲೆ ಕುಳಿತು ಗಂಟು ಬಿಚ್ಚಿದೆವು. ಒಳಗೆ ಅಗಲವಾದ ಸ್ಟೀಲ್ ಡಬ್ಬಿ. ಅದರಲ್ಲಿ ಕಟಕ್ ಜೋಳದ ರೊಟ್ಟಿ, ಪುಟ್ಟ ಬಟ್ಟಲಲ್ಲಿ ಶೇಂಗಾ ಚಟ್ನಿಪುಡಿ, ಅದಕ್ಕೆ ಕಲಸಿಕೊಳ್ಳಲು ಗಟ್ಟಿ ಮೊಸರು, ಒಂದು ಹಸಿ ಈರುಳ್ಳಿ. ಹಿಟ್ಟು ಬೆಳಗಾವಿಯಿಂದ ಸೂಟ್‌ಕೇಸಿನಲ್ಲಿ ಬಂದದ್ದು. ಡಬ್ಬಿಯ ಮುಚ್ಚಳದ ಮೇಲೆ ಚುಕ್ಕೆಚುಕ್ಕೆಯಾಗಿ ಮಾವನವರ ಹೆಸರು, ಅದರ ಕೆಳಗೆ ಅತ್ತೆಯ ಹೆಸರು, 1979 ಎಂಬ ಇಸವಿ; ಅವರ ಲಗ್ನದಲ್ಲಿ ಯಾರೋ ಉಡುಗೊರೆ ಕೊಟ್ಟದ್ದು. ಮಾವನವರು ತೀರಿಕೊಂಡು ಆರು ವರ್ಷವಾಯಿತು. ಈರುಳ್ಳಿಯನ್ನು ಮುಷ್ಟಿಯಿಂದ ಒಡೆಯುವುದನ್ನು ನಮ್ಮವರು ನನಗೆ ಕಲಿಸಿದ್ದು ಮದುವೆಯಾದ ಮೊದಲ ವಾರ, ಇನ್ನೂ ನನಗೆ ಬರುವುದಿಲ್ಲ. ಅವರೇ ಒಡೆದು ದೊಡ್ಡ ಹೋಳನ್ನು ನನ್ನ ಕಡೆ ತಳ್ಳಿದರು. ಗಿರಣಿಯ ರೆಕ್ಕೆಗಳು ಅಂದು ನಿಂತಿದ್ದವು. ರೊಟ್ಟಿ ಮುರಿಯುವ ಸದ್ದು ಬಿಟ್ಟರೆ ಬೇರೆ ಸದ್ದಿರಲಿಲ್ಲ. ನಾವು ಮಗಳ ಶಾಲೆಯ ಬಗ್ಗೆ, ಮನೆಸಾಲದ ಬಗ್ಗೆ ಮಾತನಾಡಲಿಲ್ಲ ಎಂದರೆ ಸುಳ್ಳಾಗುತ್ತದೆ. ಮಾತನಾಡಿದೆವು, ಆದರೆ ಬೇರೆಯವರ ವಿಷಯ ಮಾತನಾಡುವಷ್ಟು ನಿರಾಳವಾಗಿ.

ಉಳಿದದ್ದನ್ನು ಬೇಗ ಹೇಳಿಬಿಡಬಹುದು. ದೋಣಿ ಹತ್ತಿದೆವು, ಅರ್ಧ ಗಂಟೆಯ ಸುತ್ತು, ನಡೆಸುವವರು ಹಲವು ಭಾಷೆಗಳಲ್ಲಿ ಒಂದೇ ತಮಾಷೆ ಹೇಳುತ್ತಾರೆ, ತಗ್ಗಾದ ಸೇತುವೆಗಳ ಕೆಳಗೆ ಎಲ್ಲರೂ ತಲೆ ಬಗ್ಗಿಸಬೇಕು, ಕಡುಚಳಿಗಾಲದಲ್ಲಿ ಈ ದೋಣಿಗಳಿರುವುದಿಲ್ಲ. ಆ ಊರಿಗೆ ಒಂದೇ ಸಲ ಹೋಗುವವರು ಅದನ್ನು ಬಿಡಬಾರದು, ಆದರೆ ಅದಕ್ಕಾಗಿಯೇ ಹೋಗಬಾರದು. ಚಾಕೊಲೇಟ್ ಕೊಂಡೆವು. ಕಸೂತಿಯ ಅಂಗಡಿಯಲ್ಲಿ ಬೆಲೆ ಕೇಳಿ ಹೊರಗೆ ಬಂದೆವು. ಐದು ಗಂಟೆಯ ಮೇಲೆ, ದಿನದ ಪ್ರವಾಸಿಗರ ಗುಂಪುಗಳು ಬಸ್ಸು ಹತ್ತಿ ಹೋದ ಮೇಲೆ, ಊರು ಉಸಿರು ಬಿಟ್ಟಂತೆ ಸಡಿಲವಾಯಿತು. ಹಿಂದೆ ಜಪಮಾಲೆ ಮಾರುತ್ತಿದ್ದರೆಂದು ಆ ಹೆಸರು ಬಂದಿರುವ ರೋಸೆನ್‌ಹುಡ್‌ಕಾಯ್ ದಂಡೆಯ ಕಟ್ಟೆಯ ಮೇಲೆ ಜಾಗ ಸಿಕ್ಕಿತು. ಎಲ್ಲ ಕ್ಯಾಲೆಂಡರುಗಳಲ್ಲೂ ಇರುವ ನೋಟ ಅದು. ನೀರಿನಲ್ಲಿ ತಲೆಕೆಳಗಾದ ಮನೆಗಳು, ಮೇಲೆ ನಾವು ಹತ್ತದೆ ಬಿಟ್ಟ ಗೋಪುರ. ಹಾಳೆಯನ್ನು ತೆರೆದು ನೋಡಿದೆ. ಹದಿನೇಳರಲ್ಲಿ ಒಂಬತ್ತು ಆಗಿತ್ತು. ಕಾಲಾವಕಾಶ ಹಾಕಿಕೊಂಡ ರೀತಿಯಲ್ಲಿ ನಡೆದದ್ದು ಒಂದೂ ಇರಲಿಲ್ಲ. ಮುಂದಿನ ಸಲ ಯಾರಾದರೂ ಕೇಳಿದರೆ ಬೆಳಿಗ್ಗೆಗೆ ಒಂದು ಜಾಗ, ಮಧ್ಯಾಹ್ನಕ್ಕೆ ಒಂದು ಜಾಗ, ಸಂಜೆ ಆ ಊರಿನಲ್ಲೇ ಇರುವ ಹಾಗೆ ರೈಲು, ಇಷ್ಟನ್ನೇ ಬರೆದುಕೊಡುತ್ತೇನೆ. ಆದರೆ ಆ ಹದಿನೇಳು ಸಾಲನ್ನು ಹಾಕದೆ ಹೋಗಿದ್ದರೆ ನಮಗೆ ಗುರುವಾರವೂ ಸಿಗುತ್ತಿರಲಿಲ್ಲ, ಮಾರ್ಗರೆಟಳೂ ಸಿಗುತ್ತಿರಲಿಲ್ಲ.

ರೈಲಿನಲ್ಲಿ ನಮ್ಮವರು ಗೆಂಟ್ ಬರುವ ಮುಂಚೆಯೇ ನಿದ್ದೆ ಹೋದರು, ಬ್ರಸೆಲ್ಸ್‌ನಲ್ಲಿ ಘೋಷಣೆಯ ಭಾಷೆ ಬದಲಾದಾಗ ಕಣ್ಣು ಬಿಡದೆಯೇ ನಕ್ಕರು. ಮನೆ ತಲುಪಿದಾಗ ಒಂಬತ್ತು ಗಂಟೆ ಇಪ್ಪತ್ತು ನಿಮಿಷ. ನಮ್ಮಲ್ಲೊಬ್ಬರಿಲ್ಲದೆ ಮಲಗುವುದೇ ಇಲ್ಲವೆಂದು ನಾವು ನಂಬಿದ್ದ ಮಗಳು ಎಂಟಕ್ಕೇ ಅಜ್ಜಿಯ ಸೀರೆಯ ಸೆರಗು ಹಿಡಿದು ಮಲಗಿದ್ದಳಂತೆ. ಅತ್ತೆಯವರು ದೀಪ ಹಾಕಿಕೊಂಡು ಕಾಯುತ್ತಿದ್ದರು. ಊಟವಾಯಿತೇ, ರೊಟ್ಟಿ ಸಾಕಾಯಿತೇ ಎಂದೆಲ್ಲ ಕೇಳಿದ ಮೇಲೆ, ಪಾತ್ರೆ ತೊಳೆಯುವ ತೊಟ್ಟಿಯ ಕಡೆ ಹೊರಟು, “ಡಬ್ಬಿ ಕೊಡ್ರಿ, ಈಗ ತೊಳದಿಡ್ತೀನಿ” ಎಂದರು.

ನಮ್ಮವರು ಚೀಲದಲ್ಲಿ ಕೈಯಾಡಿಸಿದರು. ಬಟ್ಟೆ ಇತ್ತು, ಚಟ್ನಿಪುಡಿಯ ಬಟ್ಟಲಿತ್ತು, ಚಾಕೊಲೇಟ್ ಇತ್ತು. ಇಬ್ಬರಿಗೂ ಒಂದೇ ಸಲ ಆ ದಿಬ್ಬದ ಹುಲ್ಲು ನೆನಪಾಯಿತು. ಹೇಳಲು ಬಾಯಿ ಬರದೆ ನಾನು ನೆಲ ನೋಡುತ್ತಾ ನಿಂತೆ. ಅವರೇ ಅಳುಕುತ್ತಾ, “ಅವ್ವಾ, ಅಲ್ಲೇ ಗಿರಣಿ ಹತ್ರ ಬಿಟ್ಟು ಬಂದೀವಿ” ಎಂದರು.

ಅತ್ತೆಯವರು ಕೈ ಒರೆಸಿಕೊಂಡರು. ಸ್ವಲ್ಪ ಹೊತ್ತು ಏನೂ ಹೇಳಲಿಲ್ಲ.

“ಇರಲಿ ಬಿಡ್ರಿ” ಎಂದರು ಆಮೇಲೆ. “ಯಾರರ ತೊಳದು ಬಳಸ್ತಾರ.”